ಎಪ್ಪತ್ತಮೂರು ಚೌಕ

ಅವಾಲಿಯ ಬೇಲಿಯೊಳಗೆ ಪೀಟ್ ದೊರೆಗೊಂದು ತಂಪು ಕೋಣೆ ಇತ್ತು,
ಅವನ ಫಿಲಂ ಡಬ್ಬಗಳಿಗೆ ಅದೂ ಇರಲಿಲ್ಲ.
ಕಂಪೆನಿ ಕೊಟ್ಟದ್ದು ಮನಾಮದ ಐಸ್ ಕಾರ್ಖಾನೆಯಲ್ಲಿ
ಮೀನಿನ ಬುಟ್ಟಿಗಳ ಪಕ್ಕ ಒಂದು ಮೂಲೆ.
ಹಾಗಾಗಿ ಅವನ ಕೊನೆಯ ಸಿನಿಮಾ
ಮೊದಲಿಂದ ಕಡೇವರೆಗೂ
ಅಂಜಲ್ ಮೀನಿನ ವಾಸನೆ ಹೊಡೆಯುತ್ತಿತ್ತು.

ನಾನು ಪೊಡಿಮೋನು, ಉಳ್ಳಾಲದವ.
ಡಬ್ಬ ಹೊರುವುದು, ಬಿಸಿಲಿಗೆ ತಗಡು ಹಿಡಿದು ಮುಖಕ್ಕೆ ಬೆಳಕು ತಿರುಗಿಸುವುದು,
ಗುರುವಾರ ರಾತ್ರಿ ಬಯಲು ಪರದೆಗೆ ಪ್ರೊಜೆಕ್ಟರ್ ಓಡಿಸುವುದು.
ತಿಂಗಳಿಗೆ ತೊಂಬತ್ತು ರೂಪಾಯಿ.
ಆಗ ಅಲ್ಲಿಯೂ ನಮ್ಮದೇ ರೂಪಾಯಿ.

ಲಾರಿಯಲ್ಲಿ ಕೂತು ಹೇಳುತ್ತಿದ್ದ, ತುಂಡು ತುಂಡಾಗಿ:
ಆರು ವರ್ಷ, ಇಪ್ಪತ್ತೆರಡು ಕುದುರೆ ಸಿನಿಮಾ, ಕುದುರೆ ಹನ್ನೊಂದೇ.
ಎಡಕ್ಕೆ ಓಡಿದರೆ ಕಳ್ಳರವು,
ಅವನ್ನೇ ಬಲಕ್ಕೆ ಓಡಿಸಿದರೆ ಪೊಲೀಸರವು.
ಆಮೇಲೆ ಟೆಲಿವಿಷನ್. ವಾರಕ್ಕೆ ಅರ್ಧ ಗಂಟೆ,
ಅದರಲ್ಲಿ ಮೂರು ನಿಮಿಷ ಸೋಪಿಗೆ.
ಸೋಪಿನವರ ಕರಾರು: ಕತೆಯಲ್ಲಿ ಯಾರೂ ಕೊಳೆಯಾಗಿ ಸಾಯಬಾರದು.
‘ಹೆಣದ ಅಂಗಿಗೂ ಇಸ್ತ್ರಿ ಹಾಕಿಸಿದ್ದೇನೆ, ಪೊಡಿ.’

ಆಮೇಲೆ ಒಂದು ಪಟ್ಟಿ ಬಂತಂತೆ.
ಮೇಜಿನಾಚೆಯಿಂದ ಕೇಳಿದರಂತೆ, ಯಾರ್ಯಾರ ಹೆಸರು ಹೇಳುತ್ತೀ?
ಹೇಳಿದನೋ, ಇಲ್ಲವೋ
ಲಾರಿ ಗುಂಡಿಗೆ ಬಿತ್ತು, ಮಾತು ಅಲ್ಲೇ ಉಳಿಯಿತು.
ಹೇಳಿದವರಿಗೂ ಕೆಲಸ ಉಳಿಯಲಿಲ್ಲ ಎಂದು
ಇನ್ನೊಂದು ದಿನ, ನಾನು ಕೇಳದೆಯೇ, ಹೇಳಿದ.

ಇಲ್ಲಿ ಅವನಿಗೆ ಸಿಕ್ಕಿದ ಕತೆ ಇಷ್ಟು:
ಎಣ್ಣೆ ಕೊಳವೆಯ ಬಳಿ ಬೀಡಿ ಸೇದಬಾರದು. ಹದಿನೆಂಟು ನಿಮಿಷ.
ಅದಕ್ಕೂ ಬೆಳಗಿನ ಐದಕ್ಕೆ ಎದ್ದು, ಮರಳಿನ ನೆರಳು ಉದ್ದವಿರುವಾಗಲೇ ಕ್ಯಾಮೆರಾ ಹೂಡುತ್ತಿದ್ದ.
ಮುಹರ್ರಕ್ಕಿನ ಮುದುಕ ಈದ್ ಬಿನ್ ಫರಜ್
ಮುತ್ತಿಗೆ ಮುಳುಗಿ ಮುಳುಗಿ ಒಂದು ಕಿವಿ ಹೋದವನು,
ಈಗ ವಾಲ್ವ್ ತಿರುಗಿಸುವವನು.
ತಿರುಗಿಸುವ ಮೊದಲು, ಹಳೇ ಚಾಳಿ,
ಉಸಿರು ಕಟ್ಟುತ್ತಿದ್ದ.
ಮುಗಿದ ಮೇಲೆಯೇ ಬಿಡುತ್ತಿದ್ದ, ನೀರಿನಿಂದ ಎದ್ದವನ ಹಾಗೆ.
ಪೀಟ್ ದೊರೆ ಅದನ್ನು ನಲವತ್ತು ಸೆಕೆಂಡ್ ಹಿಡಿದ. ಕಟ್ ಅನ್ನಲು ಮರೆತ.

‘ಇದರಲ್ಲಿ ಸುರಕ್ಷತೆ ಎಲ್ಲಿದೆ?’ ಆಫೀಸು ಕೇಳಿತು. ಕತ್ತರಿಸಿತು.
ಹೆಸರುಗಳು ಬೇಡ, ಕಂಪೆನಿಯದ್ದೊಂದು ಸಾಕು ಎಂದೂ ಹೇಳಿತು.

ಆ ರಾತ್ರಿ ಕುತ್ತಿಗೆಗೆ ಒದ್ದೆ ಬೈರಾಸು ಸುತ್ತಿ ಕೂತವನು
ನನ್ನ ಕೈಗೊಂದು ಗುಂಡುಸೂಜಿ ಕೊಟ್ಟ.
ರೀಲಿನ ತಲೆಗೆ, ಅಂಕಿ ಶುರುವಾಗುವ ಮುಂಚೆ, ಕಪ್ಪು ಪಟ್ಟಿ ಇರುತ್ತದಲ್ಲ,
‘ಅಲ್ಲಿ ಗೀಚು ನಿನ್ನ ಹೆಸರು.
ಒಂದು ಚೌಕದಲ್ಲಿ ಗೀಚಿದರೆ ದೇವರಿಗೆ ಮಾತ್ರ ಕಾಣುತ್ತದೆ.
ಒಂದು ಸೆಕೆಂಡ್ ಬದುಕಬೇಕಾದರೆ
ಇಪ್ಪತ್ತನಾಲ್ಕು ಸಲ.’

ಉಗುರಿನಷ್ಟು ಚೌಕ. ಕನ್ನಡದಲ್ಲೇ ಗೀಚಿದೆ, ಇಂಗ್ಲಿಷ್ ಬರುತ್ತಿರಲಿಲ್ಲ.
ಮೂವತ್ತಾರು ನನ್ನದು. ಮೂವತ್ತಾರು ಈದಿನದು.
ಒಂದರ ಪೊ ಇನ್ನೊಂದರ ಹಾಗಿಲ್ಲ.
ಒಬ್ಬನೇ ಗೀಚಿದ್ದೆಂದರೆ ಯಾರೂ ನಂಬರು.
ನಿಮ್ಮದು? ಎಂದೆ.
‘ನನ್ನದು ಇಪ್ಪತ್ತೆರಡು ಸಲ ಬಂದಿದೆ, ಸಾಕು.’
ಅವನು ಕಿಟಕಿಗೆ ಹೋದಾಗ ಇನ್ನೊಂದು ಚೌಕದಲ್ಲಿ ‘ಪೀಟ್’ ಎಂದು ಗೀಚಿದೆ.
ಬಂದು ಬಗ್ಗಿ ನೋಡಿದ: ಇದೇನು?
ಪೂರ್ಣವಿರಾಮ, ದೊರೆ.

ಗುರುವಾರ. ಕುರ್ಚಿಯಲ್ಲಿ ದೊರೆಗಳು,
ಹಗ್ಗದಾಚೆ ಮರಳಿನಲ್ಲಿ ನಾವು.
ಅಂಕಿ ಮುಗಿಯುವ ತನಕ ಲೆನ್ಸಿಗೆ ಕೈ ಅಡ್ಡ ಹಿಡಿಯಬೇಕು, ಅದು ನಿಯಮ.
ನನಗೆ ತಲೆ ತುರಿಸಿತು.
ಬಿಳಿ ಅಕ್ಷರ, ಚಳಿಗೆ ನಡುಗುವವರ ಹಾಗೆ, ಪರದೆ ತುಂಬ.
‘ಗೀರು ಬಿದ್ದಿದೆ,’ ಕುರ್ಚಿಯೊಂದು ಗೊಣಗಿತು.
ಮರಳಿನಿಂದ ಕಾಪುವಿನ ಅಡುಗೆಯವ ಒಬ್ಬ ಎದ್ದು
‘ಇದು ನಮ್ಮ ಪೊಡಿಯದ್ದಲ್ಲವಾ ಮಾರಾಯ!’ ಎಂದು ಕೂಗಿದ.
ಅಷ್ಟರಲ್ಲಿ ಮುಗಿದಿತ್ತು.

ನವೆಂಬರಿನಲ್ಲಿ ಪೀಟ್ ದೊರೆ ವಿಮಾನ ಹತ್ತಿದ.
ಕಾಗದ ಬರೆಯಲಿಲ್ಲ. ಬರೆಯುತ್ತಾನೆಂದು ನಾನೂ ಅಂದುಕೊಂಡಿರಲಿಲ್ಲ.

ಆ ಒಂದು ಚೌಕ ಓಡಿಹೋದದ್ದನ್ನು
ಕಣ್ಣು ಪಿಳುಕಿಸದೆ ನಿಂತ ನಾನೂ ಕಾಣಲಿಲ್ಲ.
ಇತ್ತು ಎಂದು ಗೊತ್ತು, ಅಷ್ಟೆ.