ಆರುನೂರ ಹನ್ನೊಂದು ಗಂಟೆ

ದೀಪಸ್ತಂಭದ ಆಟ ಅದು. ಹೆಸರು ನೆನಪಿಲ್ಲ.
ಕೊಂಡದ್ದು ಮಾತ್ರ ಖಂಡಿತ,
ಎರಡು ಕಾಫಿಯ ದುಡ್ಡಿಗೆ, ಡಿಸೆಂಬರಿನ ಅಗ್ಗದ ವಾರದಲ್ಲಿ.

ಹುಡುಕುವ ಪೆಟ್ಟಿಗೆಯಲ್ಲಿ 'ದೀಪ' ಅಂತ ಬರೆದೆ:
ಗಣಿಗಾರನ ಆಟವೊಂದು ಬಂತು.
'ಕಡಲು' ಅಂದೆ: ಹನ್ನೆರಡು ಬಂದವು,
ಕಡಲ್ಗಳ್ಳರು, ಜಲಾಂತರ್ಗಾಮಿ, ಮಾತಾಡುವ ಏಡಿ.
ಏಡಿಯನ್ನು ನಾನು ಯಾವಾಗ ಕೊಂಡೆ?

ಗ್ದಿನಿಯಾ ಬಂದರಿನಲ್ಲಿ ಕ್ರೇನು ನಡೆಸುವವಳು ನಾನು.
ನಲವತ್ತು ಮೀಟರ್ ಎತ್ತರದ ಗಾಜಿನ ಗೂಡಿನಿಂದ
ಸಾವಿರ ಕಂಟೇನರ್ ನಡುವೆ ಒಂದನ್ನು ಎತ್ತಿ
ತೋರಿಸಿದಲ್ಲಿ ಇಡುತ್ತೇನೆ, ಅರ್ಧ ಗೇಣೂ ತಪ್ಪದೆ.
ಮನೆಗೆ ಬಂದರೆ
ಮುನ್ನೂರ ನಲವತ್ತೇಳು ಆಟಗಳ ನಡುವೆ
ನನ್ನದೊಂದು ನನಗೇ ಸಿಗುತ್ತಿಲ್ಲ.

ಮೂರು ಅಂಗಡಿ, ಮೂರು ಖಾತೆ, ಮೂರು ಗುಪ್ತಪದ;
ಒಂದು ಖಾತೆಯ ಪತ್ರ ಹೋಗುವುದು
ಮುಚ್ಚಿಹೋದ ಕಂಪನಿಯ ಅಂಚೆಪೆಟ್ಟಿಗೆಗೆ.
'ನಿಮ್ಮ ಮೊದಲ ನಾಯಿಯ ಹೆಸರು?' ಅಂತ ಕೇಳುತ್ತೆ ಅದು.
ನಾನು ನಾಯಿ ಸಾಕಿದವಳೇ ಅಲ್ಲ.
ಅವತ್ತು ಯಾವ ನಾಯಿಯನ್ನು ಹುಟ್ಟಿಸಿದೆನೋ.

ಮೇಲಿನ ಮಹಡಿಯ ತಿಮೆಕ್ ಬಂದ, ಒಂದೇ ಕಾಲಿಗೆ ಕಾಲುಚೀಲ,
ಹನ್ನೊಂದು ವರ್ಷ. ತಾಯಿ ರಾತ್ರಿಪಾಳಿಯ ನರ್ಸ್;
ಅವನ ಶುಕ್ರವಾರಗಳು ನನ್ನ ಪಾಲಿಗೆ.
'ಪಾನಿ ಬೊಝೆನಾ, ಮೊದಲು ಕಪಾಟು ಜೋಡಿಸೋಣ' ಅಂದವನೇ
ದೊಡ್ಡ ವೈದ್ಯನ ಹಾಗೆ ಕುರ್ಚಿ ಎಳೆದುಕೊಂಡ.
'ಆಡಿ ಮುಗಿಸಿದ್ದು' ಅಂತ ಒಂದು ಅರೆ: ಒಂಬತ್ತು.
'ಅರ್ಧಕ್ಕೆ ಬಿಟ್ಟದ್ದು': ನಲವತ್ತು ಚಿಲ್ಲರೆ.
ಮಿಕ್ಕವಕ್ಕೆ ಏನು ಹೆಸರಿಡೋಣ?
'ಮುಟ್ಟದ್ದು' ಅಂದೆ. ಅವನು 'ನಾಳೆ' ಅಂತ ಬರೆದ.

ಅಂಗಡಿಯಿಂದಲೇ ಮಾಯವಾದ ಆಟವೊಂದು
ನನ್ನ ಅರೆಯಲ್ಲಿ ಹಾಗೇ ಕೂತಿತ್ತು,
ಮನೆ ಬಿದ್ದ ಮೇಲೂ ಉಳಿದ ಕೀಲಿಕೈಯ ಹಾಗೆ.
'ಇದು ನಿಮ್ಮದೇ ಅಲ್ಲವಾ?'
ಓದಿ ಹೇಳಿದೆ ಸಣ್ಣಕ್ಷರದ ಕರಾರನ್ನು:
ನನ್ನದಲ್ಲವಂತೆ. ಆಡಲು ಕೊಟ್ಟ ಅನುಮತಿಯಂತೆ.
ಅವರು ಇರುವ ತನಕ, ನಾನು ಇರುವ ತನಕ.
ತಿಮೆಕ್ ತಲೆ ಕೆರೆದುಕೊಂಡ. 'ಹಾಗಾದರೆ ನಿಮ್ಮದು ಯಾವುದು?'
ಸೂಪು ಉಕ್ಕುತ್ತಿತ್ತು, ಎದ್ದು ಹೋದೆ.

ಬರುವಷ್ಟರಲ್ಲಿ ಮೂಲೆಯ ಬಾಗಿಲೊಂದನ್ನು ತೆರೆದಿದ್ದ:
'ಅಡಗಿಸಿದವು.' ಒಳಗೆ ಒಂದೇ ಒಂದು.
ಕಂಕುಳಲ್ಲಿ ಕೂಸು, ಊರೆಲ್ಲ ಹುಡುಕಾಟ.
ಕಪ್ಪು ಬಂಡೆ, ಬಿಳಿ ಗೋಪುರ.
ಆಡಿದ್ದು: ಆರುನೂರ ಹನ್ನೊಂದು ಗಂಟೆ.
ಕೊನೆಯ ಸಲ: ಮಾರ್ಚ್ ಒಂಬತ್ತು, ಏಳು ವರ್ಷದ ಹಿಂದೆ.

ಹಡಗುಕಟ್ಟೆ ಬಾಗಿಲು ಹಾಕಿದ ಚಳಿಗಾಲ ಅದು.
ಬೆಳಿಗ್ಗೆ ಐದಕ್ಕೆ ಎಚ್ಚರ, ಹೋಗಲು ಜಾಗವಿಲ್ಲ.
ತಂಗಿ ಫೋನು ಮಾಡಿದರೆ 'ಸಂದರ್ಶನಕ್ಕೆ ಹೊರಟಿದ್ದೇನೆ' ಅಂದು
ಎಣ್ಣೆ ಹೊತ್ತು ಮೆಟ್ಟಿಲು ಹತ್ತುತ್ತಿದ್ದೆ,
ಇಲ್ಲದ ಕಡಲಲ್ಲಿ ಇಲ್ಲದ ಹಡಗುಗಳಿಗೆ
ಪ್ರತಿ ಸಂಜೆ ದೀಪ ಹಚ್ಚಲು.
ಒಂದೂ ಬಂಡೆಗೆ ಬಡಿಯಲಿಲ್ಲ.
ಕ್ರೇನಿನ ಕೆಲಸ ಸಿಕ್ಕ ದಿನ
ಯಾರೂ ನೋಡದಿರಲಿ ಅಂತ ಅಡಗಿಸಿದೆ,
ಅಡಗಿಸಿದ್ದನ್ನೂ ಮರೆತೆ.

'ಆರುನೂರು ಗಂಟೆ! ಆಗ ಕೆಲಸ ಇರಲಿಲ್ಲವಾ?'
'ಇರಲಿಲ್ಲ.'
'ಎಂಥ ಅದೃಷ್ಟ' ಅಂದ ಹುಡುಗ,
ನಿಜವಾದ ಹೊಟ್ಟೆಕಿಚ್ಚಿನಿಂದ.

ಇಳಿಸಿಕೊಳ್ಳಲು ಡಿಸ್ಕಿನಲ್ಲಿ ಜಾಗವಿಲ್ಲ.
ಏಡಿಯನ್ನು ತೆಗೆದೆವು. ಹೆಸರು ಬೂದುಬಣ್ಣಕ್ಕೆ ತಿರುಗಿ
ಅಲ್ಲೇ ನಿಂತಿತು, ಕರೆದರೆ ಬರುತ್ತೇನೆ ಎನ್ನುವಂತೆ.
ನೂರಕ್ಕೆ ಮೂವತ್ತು, ಅರವತ್ತು, ತೊಂಬತ್ತೆಂಟರಲ್ಲಿ ತಿಣುಕಾಟ.
ಅಷ್ಟರಲ್ಲಿ ನಾವು ಬೀಟ್‌ರೂಟ್ ಸೂಪಿಗೆ ಬ್ರೆಡ್ಡು ಅದ್ದಿದೆವು.

ತೆರೆದಾಗ ಅಲ್ಲೇ ಇದ್ದಳು ನನ್ನವಳು,
ಕೊನೆಯ ಮೆಟ್ಟಿಲ ಮೇಲೆ, ಕೈಯಲ್ಲಿ ಎಣ್ಣೆಡಬ್ಬಿ,
ಏಳು ವರ್ಷ ಕಾಲೂರಿಕೊಂಡು.
'ಈಗ ಯಾವ ಗುಂಡಿ?' ಅಂದ ತಿಮೆಕ್.
ಬೆರಳಿಗೆ ನೆನಪಿತ್ತು. ಆದರೂ ಹೇಳಲಿಲ್ಲ.
'ನೀನೇ ಹುಡುಕು' ಅಂದೆ,
'ಬೇಗ, ಕತ್ತಲಾಗುತ್ತಿದೆ.'