ತಪ್ಪಿ ಉಳಿದದ್ದು

ಸಂಜೆ ಏಳಕ್ಕೆ ಫೋನು: ಬೂ ಜರ್ರಾಹ್ ತೀರಿಕೊಂಡರು,
ಒಂಬತ್ತರ ವಾರ್ತೆಗೆ ಮೂರು ನಿಮಿಷದ ತುಣುಕು ಬೇಕು.
ಖಾರ್ವಿ, ನಿನ್ನ ಬಿಟ್ಟರೆ ಆ ಟೇಪುಗಳ ಗುರುತು ಯಾರಿಗುಂಟು?

ಯಾರಿಗುಂಟು.
ಮೂವತ್ತೊಂದು ವರ್ಷ ಕುವೈತಿನ ಈ ನೆಲಮಾಳಿಗೆಯಲ್ಲಿ
ಎಸಿಯ ಗೊರಕೆ ಕೇಳುತ್ತ ಕೂತವನು ನಾನು.
ಹೊರಗೆ ಐವತ್ತು ಡಿಗ್ರಿ, ಒಳಗೆ ಸ್ವೆಟರು.
ಬರೆದದ್ದು ಅವರು, ದುಡ್ಡು ಹೊಂದಿಸಿದ್ದು ಅವರು,
ಬಿಸಿಲಲ್ಲಿ ನಿಂತು ಆಡಿಸಿದ್ದೂ ಅವರೇ.
ಕತ್ತರಿಸಿದ್ದು ಮಾತ್ರ ನಾನು.
ಅವರ ಪೆನ್ಸಿಲು ಬಲದಿಂದ ಎಡಕ್ಕೆ,
ನನ್ನ ಕತ್ತರಿ ಎಡದಿಂದ ಬಲಕ್ಕೆ,
ನಡುವೆಲ್ಲೋ ಸಿಗುತ್ತಿದ್ದೆವು.

ಹುಡುಕಿದೆ. ಇಪ್ಪತ್ತಾರು ಧಾರಾವಾಹಿ,
ರಂಜಾನಿಗೊಂದು, ಮೂವತ್ತು ಮೂವತ್ತು ಕಂತು.
ಅತ್ತೆಯರು ಅಳುತ್ತಾರೆ, ಮುತ್ತು ಹೆಕ್ಕುವವನು ಮುಳುಗುತ್ತಾನೆ,
ತಮ್ಮ ಅಣ್ಣನ ಮನೆ ಬರೆಸಿಕೊಳ್ಳುತ್ತಾನೆ,
ಕೊನೆಯ ಕಂತಿಗೆ ಸರಿಯಾಗಿ ಹಬ್ಬದ ಚಂದ್ರ ಕಾಣುತ್ತಾನೆ.
ಎಲ್ಲರೂ ಇದ್ದಾರೆ.
ಅವರೊಬ್ಬರಿಲ್ಲ.

ನಾನು ಬರುವ ಮುಂಚಿನ ಒಂಬತ್ತು ಯುದ್ಧದಲ್ಲಿ ಹೋದವು.
ಸಿಪಾಯಿಗಳು ಟೇಪು ಬಿಚ್ಚಿ
ಕಂಬದಿಂದ ಕಂಬಕ್ಕೆ ಕಟ್ಟಿದ್ದರಂತೆ.
‘ಗಾಳಿ ಬಂದಾಗೆಲ್ಲ ನನ್ನ ನಾಯಕಿ ಬೀದಿಯಲ್ಲಿ ಸಿರ್ರೆಂದಳು’
ಎಂದು ಹೇಳಿ ನಗುತ್ತಿದ್ದರು. ನಗುವುದು ಮುಗಿದ ಮೇಲೆ
ಚಹಾಕ್ಕೆ ಸಕ್ಕರೆ ಇನ್ನೊಂದು ಚಮಚ.

ಇರುವುದಾದರೂ ಹೇಗೆ?
ಪ್ರತಿ ಶಾಟಿನ ಬಾಲದಲ್ಲಿ ಅವರ ದನಿ.
ಎಲ್ಲರಂತೆ ‘ಕಟ್’ ಅನ್ನುವವರಲ್ಲ, ‘ಬಸ್’ ಅನ್ನುತ್ತಿದ್ದರು.
ಅರಬ್ಬಿಯಲ್ಲಿ ಅದು ‘ಸಾಕು’;
ನನ್ನ ಗಂಗೊಳ್ಳಿಯ ಕೊಂಕಣಿ ಕಿವಿಗೆ ‘ಕೂತ್ಕೋ’ ಎಂದು ಕೇಳಿ
ಮೊದಲ ದಿನ ಸೆಟ್ಟಿನಲ್ಲಿ ನಿಂತಲ್ಲೇ ಕೂತುಬಿಟ್ಟಿದ್ದೆ.
ಆ ‘ಬಸ್’ ಅನ್ನು ಬುಡಸಮೇತ ಕೀಳುವುದಕ್ಕೇ ನನಗೆ ಸಂಬಳ.
ಚೌಕಟ್ಟಿನ ಅಂಚಿಗೆ ಬೆರಳು ಬಂದರೆ ಬೆರಳು,
ಗೋಡೆಗೆ ನೆರಳು ಬಿದ್ದರೆ ನೆರಳು.
ಒಬ್ಬ ಮನುಷ್ಯನನ್ನು ದಿನಕ್ಕೆ ನಲವತ್ತು ಸಲ
ಅಳಿಸಿದ್ದೇನೆ ಮಾರಾಯರೆ,
ಒಮ್ಮೆಯೂ ಏನೂ ಅನ್ನಿಸದೆ.

ಅವರ ಅಪ್ಪ ನಾಖುದಾ. ಖರ್ಜೂರ ತುಂಬಿ ಮಂಗಳೂರಿಗೆ ಬಂದು
ಹೆಂಚು, ಮರ ಹೇರಿಕೊಂಡು ಹೋದವನು.
ಆ ಹಾಯಿಹಡಗಿನ ಕತೆಯನ್ನು ಹನ್ನೆರಡು ಸಲ ಬರೆದರು.
ಚಾನೆಲಿನವರು ಕೇಳಿದರು: ಇದರಲ್ಲಿ ಮದುವೆ ಎಲ್ಲಿ?
ಸಮುದ್ರ ದುಬಾರಿ, ಬೂ ಜರ್ರಾಹ್, ಒಂದು ವಿಲ್ಲಾದೊಳಗೆ ಮುಗಿಸಿ.
ಮುಗಿಸಿದರು.
ಹಜಾರದ ಗೋಡೆಗೆ ಹಡಗಿನ ಪಟವೊಂದನ್ನು ನೇತುಹಾಕಿ.
ಯಾರ ಮನೆಯ ಕತೆಯಾದರೂ ಆ ಪಟ ಅದೇ;
ಸ್ವಲ್ಪ ವಾಲಿಕೊಂಡೇ ಇರುತ್ತದೆ, ಗಾಳಿ ಹಿಡಿದ ಹಾಗೆ.

ಎಂಟೂ ಇಪ್ಪತ್ತು.
ತೊಂಬತ್ತೇಳರದ್ದು, ಹತ್ತೊಂಬತ್ತನೆಯ ಕಂತು.
ಸೊಸೆ ಫ್ರಿಜ್ಜಿನ ಬಾಗಿಲು ಮುಚ್ಚುತ್ತಾಳೆ,
ಆ ಸ್ಟೀಲಿನ ಹೊಳಪಿನಲ್ಲಿ
ತಲೆವಸ್ತ್ರ ಹಿಂದಕ್ಕೆ ಎಸೆದು, ಕಾಗದ ಕಂಕುಳಲ್ಲಿ,
ಅವಳ ಮಾತನ್ನು ತುಟಿಯಲ್ಲೇ ಆಡುತ್ತ
ಅವಳಿಗಿಂತ ಮೊದಲೇ ಅಳುತ್ತ
ಅವರು.
ನಾಲ್ಕು ಸೆಕೆಂಡು.

ಅಂದು ಅದು ನನ್ನ ಕಣ್ಣು ತಪ್ಪಿ ಊರಿಗೆಲ್ಲ ಪ್ರಸಾರವಾಗಿ
ಎರಡು ದಿನದ ಸಂಬಳ ಹೋಗಿತ್ತು.
ಕಡಿದದ್ದು ಅವರೇ.
ಈದಿನ ಬೆಳಿಗ್ಗೆ ಅಷ್ಟನ್ನೇ ಎಣಿಸಿ
ಲಕೋಟೆಯಲ್ಲಿಟ್ಟು ಕೊಟ್ಟದ್ದೂ ಅವರೇ.

ನಾಲ್ಕನ್ನು ಎಳೆದೆಳೆದು ಹನ್ನೊಂದು ಮಾಡಿದೆ.
ಉಳಿದದ್ದಕ್ಕೆ ಅತ್ತೆಯರು, ಮುತ್ತಿನವನು, ವಾಲಿದ ಹಡಗು.
ಎಂಟೂ ಐವತ್ತಕ್ಕೆ ಮೇಲಿನ ಹುಡುಗ ಇಳಿದು ಬಂದು ನೋಡಿ,
ಚೆನ್ನಾಗಿದೆ ಅಂಕಲ್, ಕೊನೆಯಲ್ಲಿ ಯಾರದ್ದೋ ದನಿ
‘ಬಸ್’ ಅಂತ ಉಳಿದುಬಿಟ್ಟಿದೆ, ತೆಗೆಯಿರಿ ಅಂದ.

ಸಮಯ ಇಲ್ಲ, ಅಂದೆ.

ಇತ್ತು.