ಮೂರೂವರೆ ಸದ್ದು

ಕೊತ್ರೂಡಿನಲ್ಲಿ ಆಷಾಢಕ್ಕೆ ಮುಂಚಿನ ಕೊನೆಯ ಮುಹೂರ್ತ.
ಬ್ಯಾಂಡಿನವರ ಕಹಳೆಗಳ ತುಂಬ ಮಳೆನೀರು.
ಮದುಮಗನನ್ನು ಹೊತ್ತ ನಮ್ಮ ಗುಲ್ಕಂದ
ಎಡ ಹಿಂಗಾಲನ್ನು
ಕಾದ ಹಂಚಿನ ಮೇಲಿಂದ ಎತ್ತಿದ ಹಾಗೆ ಎತ್ತುತ್ತಿದ್ದಳು.
ವರನ ಸೋದರಮಾವ ಕೂಗಿದ:
ಬಘಾ ಬಘಾ, ಘೋಡಿ ನಾಚತೇಯ!
ಅವರ ಮಾತಲ್ಲಿ ಹಾಗೆಂದರೆ ಕುಣಿತ.
ಲಗಾಮು ಹಿಡಿದ ನಾನು
ನನ್ನ ಮಾತಲ್ಲಿ ನಾಚಿದೆ,
ನಾಚುತ್ತಲೇ, ಅವಳಿಗೆ ನಿವಾಳಿಸಿದ ಐವತ್ತರ ನೋಟುಗಳನ್ನು
ಒಂದೊಂದಾಗಿ ಜೇಬಿಗೆ ಇಳಿಸಿದೆ.

ರಾತ್ರಿ ಭವಾನಿಪೇಟೆಗೆ ಮರಳುವಾಗ
ಖಾಲಿ ಡಾಂಬರಿನ ಮೇಲೆ ಕೇಳಿಸಿತು.
ಟಕ್, ಟಕ್, ಟಕ್,
ಆಮೇಲೆ ಅರ್ಧ.

ಮಕ್ತುಮ್‌ಸಾಬ ನಾಲಬಂದ, ಇಂಡಿ ಕಡೆಯವ,
ಚಹಾ ಕೂಡ ಕುಡಿಯದೆ ಬಂದ.
ಗೊರಸಿಗೆ ಅಂಗೈ ಒತ್ತಿದ. ಬಿಸಿಯಿಲ್ಲ.
ಗೆಣ್ಣಿನ ಹಿಂದೆ ಎರಡು ಬೆರಳಿಟ್ಟ. ನಾಡಿ ಕುಟ್ಟುತ್ತಿಲ್ಲ.
"ಒಳಗ ಕೀವು ಕಟ್ಟಿಲ್ಲ. ನಿನ್ನ ನಸೀಬು."
ಕಾಲನ್ನು ತೊಡೆಯ ಮೇಲೆಳೆದುಕೊಂಡು ಕೊಕ್ಕೆಯಿಂದ ಕೆರೆದ:
ಲದ್ದಿ, ಕೆಸರು, ನಾಲ್ಕು ಅಕ್ಷತೆ, ಒಂದು ಚಮಕಿ.
"ಈಗ ಮೂಸು."

ಮುಚ್ಚಿದ ಅಂಗಡಿಯಲ್ಲಿ ಈರುಳ್ಳಿ ಚೀಲದಡಿ
ನಿಂತ ನೀರಿನ ವಾಸನೆ.

ಗೊರಸಿನ ನಡುವಿನ ಮೆತ್ತನೆ ತ್ರಿಕೋನಕ್ಕೆ
ಅವನ ಮಂದಿ ಪುತಳಿ ಅನ್ನುತ್ತಾರೆ.
ಆ ಬೊಂಬೆ ನಡುಸೀಳಿನಲ್ಲಿ
ಕಪ್ಪಗೆ ಕರಗುತ್ತಿತ್ತು.
ಹತ್ತಿ ಸುತ್ತಿದ ಕಡ್ಡಿ ಒಂದು ಬೆರಳು ಒಳಗೆ ಹೋಯಿತು,
ಅವಳು ಕಾಲು ಕಸಿದುಕೊಂಡಳು,
ಎಪ್ಪತ್ತರ ಮುದುಕ ಉಚ್ಚೆಯ ರಾಡಿಯಲ್ಲಿ ಕೂತ.
ಅಲ್ಲಿಂದಲೇ ಕೇಳಿದ:
"ಎಷ್ಟು ದಿನಾ ನಿಲ್ಲಿಸಿದ್ಯೋ ಇದರಾಗ?"
ನಾನು ತಗಡಿನ ತೂತು ನೋಡಿದೆ.

ಸತ್ತದ್ದನ್ನಷ್ಟೇ ಕೊಯ್ದ.
ಉಪ್ಪುನೀರು, ಒಣ ಅರಿವೆ,
ಅಯೋಡಿನ್‌ನಲ್ಲಿ ಅದ್ದಿದ ಹತ್ತಿ ಸೀಳಿನ ತಳದ ತನಕ.
ಮೈಲುತುತ್ತದ ಡಬ್ಬಿ ತಂದರೆ ಗದರಿದ,
"ಹಸಿ ಮಾಂಸ ಸುಡ್ತದ. ಇಡೋ ಅತ್ಲಾಗ."
ದಿನಕ್ಕೆರಡು ಸಲ ಹೀಗೇ ಮಾಡು ಅಂದ,
ಗೇಟಿನ ತನಕ ಹೋಗಿ ತಿರುಗಿ ಬಂದು ಅಂದ,
"ಅದು ಔಷಧ ಅಲ್ಲೋ ತಮ್ಮಾ. ಔಷಧ ಅಂದ್ರ ಒಣಾ ನೆಲ."

ಹಿಂದಿನ ಓಣಿಯ ಟಿಂಬರ್ ಮಾರ್ಕೆಟ್ಟಿನಿಂದ
ಹದಿನಾಲ್ಕು ಚೀಲ ಗರಗಸದ ಹುಡಿ ಹೊತ್ತೆ,
ಅದೇ ನೋಟುಗಳು, ಇನ್ನೂ ಒದ್ದೆ.
ತೂತಿಗೆ ಡಾಂಬರು ಮೆತ್ತಿದೆ.
ಭಕ್ರಿ ಮುರಿಯುವಾಗ ಉಗುರಲ್ಲಿ ಅದೇ ವಾಸನೆ;
ಹೆಂಡತಿ ತಟ್ಟೆ ಎತ್ತಿಕೊಂಡು ಹೊಸ್ತಿಲಾಚೆ ಕೂತು ಉಂಡಳು.

ಹನ್ನೆರಡನೆಯ ಬೆಳಗ್ಗೆ
ಹತ್ತಿ ಒಳಹೋದಂತೆಯೇ ಹೊರಬಂತು.
ಓಣಿಯಲ್ಲಿ ನಡೆಸಿದೆ, ಕಣ್ಣು ಮುಚ್ಚಿಕೊಂಡು.
ಟಕ್ ಟಕ್ ಟಕ್ ಟಕ್.
ಹಾಲಿನವನು ಸೈಕಲ್ಲಿನ ಗಂಟೆ ಹೊಡೆದು ಬೈದ.

ಸಂಜೆ ಆ ಸೋದರಮಾವನ ಫೋನು.
ತುಳಸಿಮದುವೆ ಆದಮೇಲೆ ಇನ್ನೊಂದು ಮದುವೆ ಇದೆ,
ಕುಣಿಯುವ ಆ ಘೋಡಿಯೇ ಬೇಕು.
ಅವಳು ಈಗ ಕುಣಿಯೋದಿಲ್ಲ, ಅಂದೆ.
ಸ್ವಲ್ಪ ಹೊತ್ತು ಯೋಚಿಸಿ ಕೇಳಿದ,
ಹಾಗಾದರೆ ಐನೂರು ಕಡಿಮೆ ಮಾಡುತ್ತೀಯಾ?